ಗಡಿ ಎಳೆದಾಯಿತು, ಆಮೇಲೇನು?

1956ರ ನವೆಂಬರ್ 1ರಂದು ಬೀದರ ಜಿಲ್ಲೆ ಮೂರು ಪಾಲಾಯಿತು. ಅಹಮದಪುರ, ನಿಲಂಗಾ, ಉದಗೀರ ತಾಲ್ಲೂಕುಗಳು ಮುಂಬೈ ರಾಜ್ಯಕ್ಕೆ ಹೋದವು. ನಾರಾಯಣಖೇಡ ತಾಲ್ಲೂಕು ಮತ್ತು ಜಹೀರಾಬಾದ್ ತಾಲ್ಲೂಕಿನ ಬಹುಭಾಗ ಆಂಧ್ರಪ್ರದೇಶಕ್ಕೆ ಸೇರಿದವು. ಉಳಿದದ್ದು ಮೈಸೂರು ರಾಜ್ಯದ್ದಾಯಿತು. ಬಸವಕಲ್ಯಾಣ ಮತ್ತು ಭಾಲ್ಕಿಗಳ ನಡುವಿನ ಹುಲಸೂರ ಈ ಮೂರನೆಯ ಪಾಲಿನಲ್ಲಿ ಬಂತು. ಅಲ್ಲಿಯವರೆಗೆ ಒಂದೇ ಜಿಲ್ಲೆಯೊಳಗಿದ್ದ ನಿಲಂಗಾ ಕಡೆಯ ಬೀಗರು, ನೆಂಟರು, ಸಂತೆಯ ಗಿರಾಕಿಗಳು ಬೆಳಗಾಗುವುದರೊಳಗೆ ಬೇರೆ ರಾಜ್ಯದವರಾದರು.

ಆಳುವವರು ಬದಲಾಗುವುದು ಈ ಸೀಮೆಗೆ ಹೊಸದಾಗಿರಲಿಲ್ಲ. ಕಲ್ಯಾಣದ ನವಾಬರ ಜಹಗೀರು, ಅದರ ಮೇಲೆ ಹೈದರಾಬಾದಿನ ನಿಜಾಮರ ಆಳ್ವಿಕೆ, 1948ರ ಸೆಪ್ಟೆಂಬರಿನ ಪೊಲೀಸ್ ಕಾರ್ಯಾಚರಣೆ, 1949ರಲ್ಲಿ ಜಹಗೀರುಗಳ ರದ್ದತಿ, ಕೊನೆಗೆ ರಾಜ್ಯ ಪುನರ್ವಿಂಗಡಣೆ. ಒಂದು ದಶಕ ತುಂಬುವ ಮೊದಲೇ ಇಷ್ಟೆಲ್ಲ ನಡೆದುಹೋಯಿತು. ಹೊಲದಲ್ಲಿ ದುಡಿಯುವವರಿಗೆ ಮಾತ್ರ ಪ್ರತಿ ಸಲವೂ ಒಂದೇ ಪ್ರಶ್ನೆ ಉಳಿಯುತ್ತಿತ್ತು: ಸರ್ಕಾರ ಬದಲಾಯಿತು, ನಮ್ಮ ಬಾಳು?

ಇದೇ ಪ್ರಶ್ನೆಯನ್ನು ಇಟ್ಟುಕೊಂಡು ಒಬ್ಬ ರಾಜಕಾರಣಿ ಎರಡು ಸಣ್ಣ ಪುಸ್ತಕಗಳನ್ನು ಬರೆದಿದ್ದರು. ಮೊದಲನೆಯದು 1947ರ ‘ಸ್ಟೇಟ್ಸ್ ಅಂಡ್ ಮೈನಾರಿಟೀಸ್’. ಎರಡನೆಯದು 1955ರ ಡಿಸೆಂಬರಿನ ‘ಥಾಟ್ಸ್ ಆನ್ ಲಿಂಗ್ವಿಸ್ಟಿಕ್ ಸ್ಟೇಟ್ಸ್’. ಬರೆದವರು ಡಾ. ಬಿ.ಆರ್. ಅಂಬೇಡ್ಕರ್. ಅವರನ್ನು ಸಂವಿಧಾನ ಶಿಲ್ಪಿ ಎಂದು ನೆನೆಯುವವರು ಅವರೊಬ್ಬ ಚುನಾವಣಾ ರಾಜಕಾರಣಿಯೂ ಆಗಿದ್ದರೆಂಬುದನ್ನು ಮರೆಯುತ್ತಾರೆ. 1951ರಲ್ಲಿ ಕೇಂದ್ರದ ಕಾನೂನು ಮಂತ್ರಿ ಸ್ಥಾನ ಬಿಟ್ಟು ಹೊರಬಂದವರು, 1952ರಲ್ಲಿ ಮುಂಬೈಯಲ್ಲೂ 1954ರ ಉಪಚುನಾವಣೆಯಲ್ಲಿ ಭಂಡಾರದಲ್ಲೂ ಸೋತವರು, ರಾಜ್ಯಸಭೆಯಲ್ಲಿ ಕೂತವರು. ಬಹುಮತದ ಲೆಕ್ಕಾಚಾರದಲ್ಲಿ ಸೋಲುವುದೆಂದರೆ ಏನೆಂದು ಅವರಿಗೆ ಓದಿನಿಂದಷ್ಟೇ ತಿಳಿದಿರಲಿಲ್ಲ.

ಎರಡನೆಯ ಪುಸ್ತಕದಿಂದ ಶುರು ಮಾಡುವುದು ಒಳ್ಳೆಯದು, ಏಕೆಂದರೆ ಹುಲಸೂರಿಗೆ ನೇರವಾಗಿ ತಟ್ಟುವ ನಕಾಶೆಯ ಮಾತು ಅದರಲ್ಲಿದೆ.

1953ರ ಡಿಸೆಂಬರಿನಲ್ಲಿ ಕೇಂದ್ರ ಸರ್ಕಾರ ರಾಜ್ಯ ಪುನರ್ವಿಂಗಡಣಾ ಆಯೋಗವನ್ನು ನೇಮಿಸಿತು. ಫಜಲ್ ಅಲಿ ಅಧ್ಯಕ್ಷರು, ಹೃದಯನಾಥ ಕುಂಜ್ರು ಮತ್ತು ಕೆ.ಎಂ. ಪಣಿಕ್ಕರ್ ಸದಸ್ಯರು. 1955ರ ಸೆಪ್ಟೆಂಬರ್ ಕೊನೆಗೆ ವರದಿ ಬಂತು. ಕಲಬುರಗಿ, ರಾಯಚೂರು ಕರ್ನಾಟಕಕ್ಕೆ ಸೇರಲಿ ಎಂದಿತು ವರದಿ. ಬೀದರನ್ನು ಮಾತ್ರ ತೆಲುಗು ಜಿಲ್ಲೆಗಳ ಜೊತೆ ಉಳಿಯುವ ಹೈದರಾಬಾದ್ ರಾಜ್ಯಕ್ಕೇ ಬಿಡಬೇಕೆಂದಿತು. ಆ ಶಿಫಾರಸು ಹಾಗೆಯೇ ಜಾರಿಯಾಗಿದ್ದರೆ ಬಸವಣ್ಣನ ಕಲ್ಯಾಣವೇ ಕನ್ನಡನಾಡಿನ ಹೊರಗುಳಿಯುತ್ತಿತ್ತು. ಕನ್ನಡ, ಮರಾಠಿ, ತೆಲುಗು, ಉರ್ದು ನಾಲ್ಕೂ ಕಲೆತಿದ್ದ ಜಿಲ್ಲೆಯನ್ನು ಏನು ಮಾಡಬೇಕೆಂದು ಆಯೋಗಕ್ಕೂ ಸುಲಭವಾಗಿ ತೋಚಿದ ವಿಷಯವಾಗಿರಲಿಲ್ಲ. ಸುಮಾರು ಒಂದು ವರ್ಷದಲ್ಲಿ ಆ ಸಲಹೆ ಬಿದ್ದುಹೋಗಿ ಜಿಲ್ಲೆಯೇ ಮೂರಾಯಿತು.

ವರದಿ ಸಂಸತ್ತಿಗೆ ಬಂದಾಗ ಅಂಬೇಡ್ಕರ್ ಕಾಯಿಲೆ ಬಿದ್ದಿದ್ದರು. ಚರ್ಚೆಯಲ್ಲಿ ಮಾತಾಡಲಾಗಲಿಲ್ಲ. ಸುಮ್ಮನಿರಲೂ ಮನಸ್ಸು ಒಪ್ಪದೆ ಆಡಬೇಕಾಗಿದ್ದ ಮಾತನ್ನು ಪುಸ್ತಕ ಮಾಡಿದರು. 1948ರಲ್ಲಿ ಇವರೇ ಒಂದು ಮನವಿಪತ್ರ ಬರೆದು ಮಹಾರಾಷ್ಟ್ರ ಒಂದೇ ಪ್ರಾಂತವಾಗಲಿ ಎಂದಿದ್ದರು. ಏಳು ವರ್ಷಗಳ ನಂತರ ಅದೇ ಮಹಾರಾಷ್ಟ್ರ ನಾಲ್ಕಾಗಲಿ ಎಂದರು. ಅಭಿಪ್ರಾಯ ಬದಲಾದದ್ದನ್ನು ಮುಚ್ಚಿಡಲಿಲ್ಲ. ಇಡೀ ದೇಶದ ಚಿತ್ರ ಕಣ್ಣಮುಂದೆ ಬಂದ ಮೇಲೆ ಹಳೆಯ ಮಾತಿಗೆ ಜೋತುಬೀಳಬೇಕಾಗಿಲ್ಲವೆಂದು ಮುನ್ನುಡಿಯಲ್ಲೇ ಹೇಳಿದರು. ಇಂದಿನ ರಾಜಕಾರಣಿಗಳ ಪುಸ್ತಕಗಳಲ್ಲಿ ಹುಡುಕಿದರೂ ಸಿಗದ ಗುಣ ಇದು.

ಪುಸ್ತಕದ ವಾದ ಎರಡು ಹೆಜ್ಜೆಯದು. ಒಂದು ರಾಜ್ಯದಲ್ಲಿ ಒಂದೇ ಭಾಷೆ ಇರಲಿ. ಹಲವು ಭಾಷೆಗಳನ್ನು ಒತ್ತಾಯದಿಂದ ಕಟ್ಟಿಹಾಕಿದ ಆಸ್ಟ್ರಿಯಾ, ತುರ್ಕಿ ಸಾಮ್ರಾಜ್ಯಗಳು ಒಡೆದುಹೋದವು, ಮದರಾಸಿನಿಂದ ಆಂಧ್ರ ಸಿಡಿದು ಬಂದದ್ದೂ ಅದಕ್ಕೇ. ಇದು ಮೊದಲ ಹೆಜ್ಜೆ. ಆದರೆ ಒಂದು ಭಾಷೆಯವರೆಲ್ಲ ಒಂದೇ ರಾಜ್ಯದಲ್ಲಿ ಇರಲೇಬೇಕೆಂಬ ಹಟ ಬೇಡ ಎಂಬುದು ಎರಡನೆಯದು. ಒಂದು ಭಾಷೆಗೆ ಎರಡು, ಮೂರು ರಾಜ್ಯಗಳಿದ್ದರೆ ಭಾಷೆಗೇನೂ ಕೇಡಿಲ್ಲ. ಸುಮಾರು 2 ಕೋಟಿ ಜನಸಂಖ್ಯೆಯ ರಾಜ್ಯವನ್ನು ಚೆನ್ನಾಗಿ ಆಳಬಹುದೆಂಬುದು ಅವರ ಅಂದಾಜು. ಅದರಂತೆ 6 ಕೋಟಿ ದಾಟಿದ್ದ ಉತ್ತರ ಪ್ರದೇಶವನ್ನು ಮೂರು, ಬಿಹಾರ ಮತ್ತು ಮಧ್ಯಪ್ರದೇಶಗಳನ್ನು ಎರಡೆರಡು ಮಾಡಬೇಕೆಂದರು. 2000ದಲ್ಲಿ ಜಾರ್ಖಂಡ್ ಮತ್ತು ಛತ್ತೀಸಗಡ ಹುಟ್ಟಿದಾಗ ಬಹಳ ಮಂದಿ ಈ ಪುಸ್ತಕವನ್ನು ಧೂಳು ಕೊಡವಿ ತೆಗೆದರು. 2011ರಲ್ಲಿ ಮಾಯಾವತಿ ಸರ್ಕಾರ ಉತ್ತರ ಪ್ರದೇಶವನ್ನು ನಾಲ್ಕು ಮಾಡುವ ನಿರ್ಣಯ ಅಂಗೀಕರಿಸಿತು. ಅದು ಕಾಗದದಲ್ಲೇ ಉಳಿಯಿತು.

ಇನ್ನೊಂದು ಸಲಹೆ ಕೇಳಿದರೆ ಬೀದರಿನವರು ಕಿವಿ ನಿಮಿರಿಸುತ್ತಾರೆ. ಹೈದರಾಬಾದನ್ನು ಭಾರತದ ಎರಡನೆಯ ರಾಜಧಾನಿ ಮಾಡಬೇಕೆಂದರು ಅಂಬೇಡ್ಕರ್. ಹೈದರಾಬಾದ್, ಸಿಕಂದರಾಬಾದ್, ಬೊಲಾರಂ ಮೂರನ್ನೂ ಕೂಡಿಸಿ ಕೇಂದ್ರದ ಆಡಳಿತಕ್ಕೆ ತೆಗೆದುಕೊಳ್ಳಬೇಕು. ಕಟ್ಟಡಗಳಿಗೆ ಅಲ್ಲಿ ಬರವಿಲ್ಲ, ಸಂಸತ್ ಭವನವೊಂದನ್ನು ಕಟ್ಟಿದರೆ ಸಾಕು. ದಕ್ಷಿಣದವರಿಗೆ ದೆಹಲಿ ದೂರ, ಅಲ್ಲಿಯ ಚಳಿ ಸೆಖೆ ಎರಡೂ ತಾಳಲಾರದವು, ಜೊತೆಗೆ ಅದು ಗಡಿಗೆ ಹತ್ತಿರ. ಯುದ್ಧವಾದರೆ ಶತ್ರುವಿನ ಬಾಂಬಿಗೆ ಸುಲಭದ ಗುರಿ. ಅವರ ಮಾತು ನಡೆದಿದ್ದರೆ ಬೀದರದಿಂದ ಸುಮಾರು 150 ಕಿಲೋಮೀಟರಿನಲ್ಲಿ ದೇಶದ ರಾಜಧಾನಿ ಇರುತ್ತಿತ್ತು. ಈಗ ತಮ್ಮ ರಾಜ್ಯದ ರಾಜಧಾನಿಗೆ ಹೋಗಬೇಕಾದರೂ ಇಲ್ಲಿಯವರು ಸುಮಾರು 700 ಕಿಲೋಮೀಟರ್ ಪ್ರಯಾಣ ಮಾಡಬೇಕು.

ಕೇಂದ್ರ ಇದನ್ನು ಕೈಗೆತ್ತಿಕೊಳ್ಳಲಿಲ್ಲ. ಆದರೆ ದೂರದ ರಾಜಧಾನಿಯ ಒಂದು ತುಂಡನ್ನಾದರೂ ಜನರ ಹತ್ತಿರ ತರಬೇಕೆಂಬ ಆ ವಿಚಾರ ಕರ್ನಾಟಕದಲ್ಲಿ ಬೇರೆ ರೂಪದಲ್ಲಿ ಬಂದಿದೆ. 2008ರಲ್ಲಿ ಕಲಬುರಗಿಗೆ ಹೈಕೋರ್ಟಿನ ಸಂಚಾರಿ ಪೀಠ ಬಂತು, 2013ರಲ್ಲಿ ಅದು ಕಾಯಂ ಆಯಿತು. 2012ರಲ್ಲಿ ಬೆಳಗಾವಿಯಲ್ಲಿ ಸುವರ್ಣ ವಿಧಾನಸೌಧ ಎದ್ದಿತು. ಕಲಬುರಗಿಯ ಪೀಠ ವರ್ಷವಿಡೀ ಕೆಲಸ ಮಾಡುತ್ತದೆ, ಬೆಳಗಾವಿಯ ಸೌಧ ಮುಖ್ಯವಾಗಿ ಅಧಿವೇಶನದ ಕೆಲವು ದಿನ ಬೆಳಗುತ್ತದೆ. ಕಕ್ಷಿದಾರರಿಗೆ ಉಳಿದ ಬಸ್ ಚಾರ್ಜು, ಹೋಟೆಲ್ ಖರ್ಚು, ಹಾಳಾಗದ ಕೂಲಿ ದಿನಗಳನ್ನು ಎಣಿಸಿದರೆ ಕಲಬುರಗಿಯ ಪೀಠವೇ ದೊಡ್ಡ ಸಾಧನೆ.

ಅಂಬೇಡ್ಕರರು ಸಣ್ಣ ರಾಜ್ಯ ಕೇಳಿದ್ದು ಆಡಳಿತದ ಅನುಕೂಲಕ್ಕಷ್ಟೇ ಅಲ್ಲ. ಪುಸ್ತಕದ ಜೀವ ಇರುವುದು ಜಾತಿಯ ಕುರಿತ ಭಾಗದಲ್ಲಿ. ಭಾಷೆಯ ಗಡಿ ಎಳೆದರೆ ಪ್ರತಿ ರಾಜ್ಯದೊಳಗೂ ಒಂದೋ ಎರಡೋ ದೊಡ್ಡ ಜಾತಿಗಳು ಮೇಲಾಗುತ್ತವೆ, ಚಿಕ್ಕವು ಅವುಗಳ ನೆರಳಿನಲ್ಲಿ ಉಳಿಯುತ್ತವೆ, ಊರ ಅಂಚಿನ ಕೇರಿಯವರ ಮಾತು ಯಾರಿಗೂ ಕೇಳುವುದಿಲ್ಲ. ರಾಜಕೀಯ ಬಹುಮತ ಇಂದು ಒಂದು ಪಕ್ಷದ್ದು, ನಾಳೆ ಇನ್ನೊಂದರದ್ದು. ಜಾತಿಯ ಬಹುಮತ ಹಾಗಲ್ಲ, ಅದು ಹುಟ್ಟಿನಿಂದ ಬಂದದ್ದು, ಬದಲಾಗದು. ರಾಜ್ಯ ದೊಡ್ಡದಾದಷ್ಟೂ ಆ ಬಹುಮತದ ಭಾರ ಹೆಚ್ಚು ಎಂಬುದು ಅವರ ತರ್ಕ. ಇದಕ್ಕೆ ಪರಿಹಾರವಾಗಿ ಇಬ್ಬರು ಮೂವರು ಸದಸ್ಯರ ಕ್ಷೇತ್ರಗಳಿರಲಿ, ಮತದಾರರು ತಮ್ಮ ಎಲ್ಲ ಮತಗಳನ್ನು ಒಬ್ಬರಿಗೇ ಕೊಡುವ ಅವಕಾಶವಿರಲಿ, ಆಗ ಚದುರಿಹೋದ ಸಣ್ಣ ಸಮುದಾಯಗಳೂ ಒಟ್ಟಾಗಿ ತಮ್ಮವರನ್ನು ಗೆಲ್ಲಿಸಿಕೊಳ್ಳಬಹುದು ಎಂದರು. ದೇಶ ಹೋದದ್ದು ಎದುರು ದಿಕ್ಕಿಗೆ. ಇದ್ದ ದ್ವಿಸದಸ್ಯ ಕ್ಷೇತ್ರಗಳನ್ನೂ 1961ರ ಕಾಯ್ದೆ ತೆಗೆದುಹಾಕಿತು.

ಹುಲಸೂರಿನ ಚುನಾವಣಾ ಚರಿತ್ರೆಯನ್ನು ಇದರ ಪಕ್ಕದಲ್ಲಿಟ್ಟು ಓದಬೇಕು. 2008ರ ಕ್ಷೇತ್ರ ಪುನರ್ವಿಂಗಡಣೆಯವರೆಗೆ ಹುಲಸೂರ ಹೆಸರಿನ ವಿಧಾನಸಭಾ ಕ್ಷೇತ್ರವಿತ್ತು, ಪರಿಶಿಷ್ಟ ಜಾತಿಗೆ ಮೀಸಲು. ಬೀದರ ಲೋಕಸಭಾ ಕ್ಷೇತ್ರವೂ ಅಲ್ಲಿಯವರೆಗೆ ಮೀಸಲಾಗಿತ್ತು. ಪುನರ್ವಿಂಗಡಣೆಯಲ್ಲಿ ಹುಲಸೂರ ಕ್ಷೇತ್ರ ನಕಾಶೆಯಿಂದ ಅಳಿಯಿತು, ಲೋಕಸಭಾ ಕ್ಷೇತ್ರ ಸಾಮಾನ್ಯವಾಯಿತು. ಒಟ್ಟು ಜನಸಂಖ್ಯೆಯಲ್ಲಿ ನೂರಕ್ಕೆ ಸುಮಾರು 23 ಮಂದಿ ಪರಿಶಿಷ್ಟ ಜಾತಿಯವರಿರುವ ಜಿಲ್ಲೆ ಇದು. ಮೀಸಲು ಕ್ಷೇತ್ರದ ಗೆರೆ ಇಂದು ಇಲ್ಲಿ, ನಾಳೆ ಅಲ್ಲಿ. ಅದು ಬಂದಾಗ ಧ್ವನಿ, ಹೋದಾಗ ಮೌನ ಎಂಬಂತಾಗಬಾರದೆಂದೇ ಅಂಬೇಡ್ಕರ್ ಬೇರೆ ಮತದಾನ ಪದ್ಧತಿಯನ್ನು ಹುಡುಕಿದ್ದು. ಆ ಪದ್ಧತಿಯ ಬಗ್ಗೆ ವಾದ ಮಾಡಬಹುದು, ಆ ಆತಂಕ ನಿಜವಾದದ್ದು.

ಪಕ್ಕದ ಮರಾಠವಾಡದ ಬಗ್ಗೆ ಅವರು ಬರೆದದ್ದಂತೂ ಬೀದರಿಗೂ ಅಕ್ಷರಶಃ ಹೊಂದುತ್ತದೆ. ನಿಜಾಮರ ಆಳ್ವಿಕೆಯಲ್ಲಿ ತಲೆಮಾರುಗಳ ಕಾಲ ನೀರಾವರಿಯಿಲ್ಲದೆ, ಶಾಲೆಯಿಲ್ಲದೆ ಹಿಂದುಳಿದ ಆ ಜಿಲ್ಲೆಗಳನ್ನು ಮುಂಬೈ, ಪುಣೆಗಳ ಜೊತೆ ಒಂದೇ ರಾಜ್ಯದಲ್ಲಿ ಹಾಕಿದರೆ ಮುಂದುವರಿದವರ ಮುಂದೆ ಅವು ನಿಲ್ಲಲಾರವು ಎಂದು ಹೆದರಿ, ಅವುಗಳಿಗೆ ಮಧ್ಯ ಮಹಾರಾಷ್ಟ್ರ ಎಂಬ ಬೇರೆ ರಾಜ್ಯ ಕೇಳಿದರು. ಅದು ಸಿಗಲಿಲ್ಲ. ಆದರೆ 1956ರ ಏಳನೆಯ ತಿದ್ದುಪಡಿಯಲ್ಲೇ ಸಂವಿಧಾನದ 371ನೇ ವಿಧಿಯ ಮೂಲಕ ವಿದರ್ಭ, ಮರಾಠವಾಡಗಳಿಗೆ ವಿಶೇಷ ವ್ಯವಸ್ಥೆಯ ಬಾಗಿಲು ತೆರೆಯಿತು. ಅಂದರೆ ಬೀದರದಿಂದ ಬೇರೆಯಾದ ಉದಗೀರ, ನಿಲಂಗಾಗಳ ಹೆಸರಿಗೆ ಸಂವಿಧಾನದಲ್ಲಿ ಒಂದು ಸಾಲು ಬಿತ್ತು. ಇತ್ತ ಉಳಿದ ಹುಲಸೂರ, ಹುಮನಾಬಾದ್‌ಗಳಿಗೆ ಅಂಥದೇ ಸಾಲು ಬೀಳಲು ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಹಿಡಿಯಿತು. ವೈಜನಾಥ ಪಾಟೀಲರಂಥವರ ದೀರ್ಘ ಹೋರಾಟದ ನಂತರ 2012ರಲ್ಲಿ ಸಂಸತ್ತು 98ನೇ ತಿದ್ದುಪಡಿಗೆ ಒಪ್ಪಿತು, 2013ರಲ್ಲಿ 371(ಜೆ) ಜಾರಿಗೆ ಬಂತು. ಈ ಭಾಗದ ಉನ್ನತ ಶಿಕ್ಷಣದ ಸೀಟುಗಳಲ್ಲಿ ಶೇ 70, ರಾಜ್ಯದ ಉಳಿದ ಕಡೆ ಶೇ 8, ಸ್ಥಳೀಯ ಸರ್ಕಾರಿ ಹುದ್ದೆಗಳಲ್ಲಿ ದರ್ಜೆಗೆ ತಕ್ಕಂತೆ ಶೇ 75ರಿಂದ 85 ಇಲ್ಲಿಯವರಿಗೆ ಮೀಸಲಾದವು. ಬೀದರ ಸೀಮೆಯ ಅನೇಕ ಮಕ್ಕಳು ಇದರಿಂದ ವೈದ್ಯಕೀಯ, ಎಂಜಿನಿಯರಿಂಗ್ ಕಾಲೇಜಿನ ಮೆಟ್ಟಿಲು ಹತ್ತಿದರು. ಹಿಂದುಳಿದವರ ರಕ್ಷಣೆ ಆಳುವವರ ಮರ್ಜಿಗೆ ಬಿಡುವಂಥದ್ದಲ್ಲ, ಸಂವಿಧಾನದಲ್ಲೇ ಬರೆದಿಡಬೇಕೆಂಬ ಅಂಬೇಡ್ಕರರ ಹಟ ಎಷ್ಟು ಸರಿ ಎನ್ನುವುದಕ್ಕೆ ಇದಕ್ಕಿಂತ ಹತ್ತಿರದ ಸಾಕ್ಷಿ ಬೇಡ.

ಅವರು ಎಡವಿದ್ದೂ ಇದೆ. ಪ್ರಾದೇಶಿಕ ಭಾಷೆ ರಾಜ್ಯದ ಆಡಳಿತ ಭಾಷೆ ಆಗಬಾರದೆಂದು ಸಂವಿಧಾನದಲ್ಲೇ ಬರೆಯಬೇಕು, ಆಡಳಿತ ಹಿಂದಿಯಲ್ಲಿ ನಡೆಯಲಿ, ಅದು ಸಿದ್ಧವಾಗುವವರೆಗೆ ಇಂಗ್ಲಿಷಿನಲ್ಲಿ ನಡೆಯಲಿ ಎಂದರು. ಭಾಷೆಯ ಅಭಿಮಾನ ಬೆಳೆದು ಬೇರೆ ರಾಷ್ಟ್ರದ ಕೂಗಾದೀತೆಂಬುದು ಅವರ ಭಯ. ಹೈದರಾಬಾದ್ ಕರ್ನಾಟಕದ, ಅಂದರೆ ಇಂದಿನ ಕಲ್ಯಾಣ ಕರ್ನಾಟಕದ, ಅನುಭವ ಇದನ್ನು ಒಪ್ಪುವುದಿಲ್ಲ. ನಿಜಾಮರ ಕಾಲದಲ್ಲಿ ಕಚೇರಿಯ ಭಾಷೆ ಉರ್ದು. ತಮ್ಮದೇ ಹೊಲದ ದಾಖಲೆಯಾದ ಸೇತ್ವಾರ್ ಓದಲು ಬಾರದ ಕನ್ನಡದ, ಮರಾಠಿಯ ರೈತರು ಪಟವಾರಿಯ ಬಾಯಿಮಾತನ್ನೇ ನಂಬಬೇಕಾಗಿತ್ತು. ಆ ಗಾಯ ಗೊತ್ತಿದ್ದವರಿಗೆ ಪಹಣಿ ತಮ್ಮ ಭಾಷೆಯಲ್ಲಿ ಬರುವುದು ಅಭಿಮಾನದ ವಿಷಯ ಮಾತ್ರವಲ್ಲ, ಹೊಲ ಉಳಿಸಿಕೊಳ್ಳುವ ದಾರಿ. 1963ರ ಕರ್ನಾಟಕ ರಾಜಭಾಷಾ ಕಾಯ್ದೆಯಿಂದ ದೇಶವೇನೂ ಒಡೆಯಲಿಲ್ಲ. ಅಂಬೇಡ್ಕರರ ಭಯ ಈ ಒಂದು ವಿಷಯದಲ್ಲಿ ಅವರ ದೃಷ್ಟಿಯನ್ನು ಮಸುಕು ಮಾಡಿತ್ತು.

ಗಡಿಯ ಮಾತು ಇನ್ನೂ ಮುಗಿದಿಲ್ಲ. ಕರ್ನಾಟಕ, ಮಹಾರಾಷ್ಟ್ರಗಳ ಗಡಿಯ ಬಗ್ಗೆ 1967ರಲ್ಲಿ ಮಹಾಜನ ಆಯೋಗದ ವರದಿ ಬಂದ ಮೇಲೂ ವ್ಯಾಜ್ಯ ಉಳಿಯಿತು. 2004ರಲ್ಲಿ ಮಹಾರಾಷ್ಟ್ರ ಸುಪ್ರೀಂ ಕೋರ್ಟ್ ಮೆಟ್ಟಿಲೇರಿತು. 2022ರ ಡಿಸೆಂಬರಿನಲ್ಲಿ ಅಲ್ಲಿಯ ವಿಧಾನಮಂಡಲ ಬೀದರ, ಭಾಲ್ಕಿಗಳನ್ನೂ ಹೆಸರಿಸಿ 865 ಹಳ್ಳಿಗಳು ತಮ್ಮವೆಂದು ನಿರ್ಣಯ ಮಾಡಿತು. ಗಡಿಯ ಗಲಾಟೆ ಎದ್ದಾಗಲೆಲ್ಲ ಟಿವಿಗಳಿಗೆ ಬಿಡುವಿರುವುದಿಲ್ಲ. ಗಡಿಯ ಎರಡೂ ಬದಿಯ ಕೂಲಿಕಾರರ ಬದುಕಿನ ಬಗ್ಗೆ ಅಂಥ ಗಲಾಟೆ ಎಂದಾದರೂ ಎದ್ದಿದೆಯೇ?

ಆ ಕೂಲಿಕಾರರಿಗಾಗಿಯೇ ಬರೆದದ್ದು ಅಂಬೇಡ್ಕರರ ಈ ಎರಡು ಪುಸ್ತಕಗಳಲ್ಲಿ ಮೊದಲನೆಯದು. 1947ರ ‘ಸ್ಟೇಟ್ಸ್ ಅಂಡ್ ಮೈನಾರಿಟೀಸ್’ ಪರಿಶಿಷ್ಟ ಜಾತಿಗಳ ಒಕ್ಕೂಟದ ಪರವಾಗಿ ಸಂವಿಧಾನ ಸಭೆಗೆಂದು ಸಿದ್ಧಪಡಿಸಿದ ಮನವಿ. ಕಾನೂನಿನ ಕಲಮುಗಳ ರೂಪದಲ್ಲಿದೆ, ಕೊನೆಗೆ ವಿವರಣೆಗಳಿವೆ. ಭಾರತದ ರಾಜಕಾರಣಿಗಳು ಬರೆದ ಪುಸ್ತಕಗಳಲ್ಲಿ ಇಷ್ಟು ಧೈರ್ಯದ ಸಾಮಾಜಿಕ ಯೋಜನೆ ಇನ್ನೊಂದಿಲ್ಲ ಎಂದರೆ ತಪ್ಪಾಗದು.

ಕೃಷಿ ಸರ್ಕಾರದ ಉದ್ಯಮವಾಗಬೇಕು ಎನ್ನುತ್ತದೆ ಅದು. ಮಾಲೀಕರಿಗೆ ಪರಿಹಾರ ಕೊಟ್ಟು ಎಲ್ಲ ಜಮೀನನ್ನೂ ಸರ್ಕಾರ ಕೊಳ್ಳಬೇಕು. ಅದನ್ನು ಗೊತ್ತಾದ ಅಳತೆಯ ಹೊಲಗಳಾಗಿ ಹಂಚಿ ಊರಿನ ಕುಟುಂಬಗಳಿಗೆ ಒಟ್ಟಾಗಿ ಗೇಣಿಗೆ ಕೊಡಬೇಕು. ಜಾತಿ ನೋಡಬಾರದು. ನೀರು, ಎತ್ತು, ಬೀಜ, ಗೊಬ್ಬರಕ್ಕೆ ಸರ್ಕಾರವೇ ಹಣ ಹಾಕಬೇಕು. ಜಮೀನ್ದಾರನೂ ಇಲ್ಲ, ಗೇಣಿದಾರನೂ ಇಲ್ಲ, ಹೊಲವಿಲ್ಲದ ಕೂಲಿಯೂ ಇಲ್ಲ ಎಂಬ ಸ್ಥಿತಿ ಬರಬೇಕು. ಮೂಲ ಕೈಗಾರಿಕೆಗಳು ಮತ್ತು ವಿಮೆ ಸರ್ಕಾರದ ಕೈಯಲ್ಲಿರಬೇಕು, ಪ್ರತಿಯೊಬ್ಬ ವಯಸ್ಕ ಪ್ರಜೆಯೂ ಗಳಿಕೆಗೆ ತಕ್ಕ ಜೀವ ವಿಮೆ ಮಾಡಿಸಲೇಬೇಕು. ಇದೆಲ್ಲ ಸಂವಿಧಾನ ಬಂದ ಹತ್ತು ವರ್ಷದೊಳಗೆ ಆಗಬೇಕು, ಯಾವ ಶಾಸನಸಭೆಯೂ ಬದಲಿಸಲಾಗದಂತೆ ಸಂವಿಧಾನದಲ್ಲೇ ಸೇರಿರಬೇಕು. ಇದರ ಜೊತೆ ಅಸ್ಪೃಶ್ಯರಿಗೆ ಪ್ರತ್ಯೇಕ ಹಳ್ಳಿಗಳು, ಅದಕ್ಕೊಂದು ವಸತಿ ಆಯೋಗ, ವರ್ಷಕ್ಕೆ 5 ಕೋಟಿ ರೂಪಾಯಿ.

ಪ್ರತ್ಯೇಕ ಹಳ್ಳಿಗಳ ಈ ಕಲಮನ್ನು ಬಸವಕಲ್ಯಾಣದ ನೆಲದಲ್ಲಿ ನಿಂತು ಓದಿದರೆ ಮನಸ್ಸು ಕಲಕುತ್ತದೆ. ಇದೇ ಊರಿನಲ್ಲಿ 12ನೇ ಶತಮಾನದಲ್ಲಿ ಇನ್ನೊಬ್ಬ ರಾಜಕಾರಣಿ, ಬಿಜ್ಜಳನ ಭಂಡಾರ ನೋಡಿಕೊಳ್ಳುತ್ತಿದ್ದ ಬಸವಣ್ಣ, ಊರು ಮತ್ತು ಕೇರಿಯ ನಡುವಿನ ಗೋಡೆ ಕೆಡವಲು ಹೊರಟಿದ್ದರು. ಸಮಗಾರ ಹರಳಯ್ಯನ ಮಗನಿಗೂ ಬ್ರಾಹ್ಮಣ ಮಧುವರಸನ ಮಗಳಿಗೂ ಮದುವೆಯಾಯಿತು, ಇಬ್ಬರು ತಂದೆಯರೂ ಕ್ರೂರವಾಗಿ ಕೊಲ್ಲಲ್ಪಟ್ಟರು ಎನ್ನುತ್ತದೆ ಶರಣ ಪರಂಪರೆ. ಅಂಬೇಡ್ಕರರ ಕಾಲಕ್ಕೆ ಎಂಟು ಶತಮಾನ ಕಳೆದಿದ್ದರೂ ಗೋಡೆ ಹಾಗೆಯೇ ಇತ್ತು. ಒಂದೇ ಊರಿನಲ್ಲಿದ್ದು ಸವರ್ಣೀಯರ ಹೊಲದ ಕೂಲಿಗೇ ಕೈಯೊಡ್ಡಬೇಕಾದವರು ಬಾವಿಯ ನೀರಿನ ಹಕ್ಕು ಕೇಳುವುದಾದರೂ ಹೇಗೆ? ಕೇಳಿದ ದಿನವೇ ಕೂಲಿ ನಿಲ್ಲುತ್ತದೆ, ಕಿರಾಣಿ ಅಂಗಡಿಯಲ್ಲಿ ಉದ್ರಿ ನಿಲ್ಲುತ್ತದೆ. ಆದ್ದರಿಂದಲೇ ಬೇರೆ ನೆಲ ಕೇಳಿದರು. ಒಟ್ಟಿಗೆ ಬಾಳಲು ಬಿಡದ ಸಮಾಜ ಅವರನ್ನು ಅಲ್ಲಿಗೆ ತಳ್ಳಿತು.

ಸರ್ಕಾರಿ ಸಾಮೂಹಿಕ ಬೇಸಾಯ ಭಾರತದಲ್ಲಿ ನಡೆಯದೇ ಹೋದದ್ದು ಒಂದು ರೀತಿಯಲ್ಲಿ ಒಳ್ಳೆಯದೇ ಆಯಿತು. 1932–33ರಲ್ಲಿ ಸೋವಿಯತ್ ಒಕ್ಕೂಟದಲ್ಲಿ, 1958ರ ನಂತರ ಚೀನಾದಲ್ಲಿ ರೈತರ ಹೊಲ ಕಸಿದು ಒಟ್ಟುಗೂಡಿಸಿದಾಗ ಕೋಟ್ಯಂತರ ಮಂದಿ ಹಸಿವಿನಿಂದ ಸತ್ತರು. ಅದಕ್ಕೆ ಬದಲಾಗಿ ಜಪಾನ್, ದಕ್ಷಿಣ ಕೊರಿಯಾಗಳು ಎರಡನೆಯ ಮಹಾಯುದ್ಧದ ನಂತರ ಉಳುವವರಿಗೇ ಸಣ್ಣ ಹಿಡುವಳಿ ಕೊಟ್ಟು ಗೆದ್ದವು. ಅಂಬೇಡ್ಕರರ ಯೋಜನೆಯಲ್ಲಿ ಪರಿಹಾರವಿತ್ತು, ಸಂಸದೀಯ ಪ್ರಜಾಪ್ರಭುತ್ವವಿತ್ತು, ಬಲವಂತದ ಬಂದೂಕಿರಲಿಲ್ಲ ಎಂಬುದು ನಿಜ. ಆದರೂ ದೇಶದ ಪ್ರತಿ ಹೊಲವನ್ನೂ ನೋಡಿಕೊಳ್ಳುವ ಸಾಮರ್ಥ್ಯ ಯಾವ ಸರ್ಕಾರಕ್ಕೂ ಇರಲಿಲ್ಲ.

ಪರಿಹಾರ ತಪ್ಪಿರಬಹುದು, ರೋಗ ಹಿಡಿದದ್ದು ಸರಿಯಾಗಿತ್ತು. ಗೇಣಿ ಶಾಸನದಿಂದ, ಹಿಡುವಳಿಗಳನ್ನು ಒಟ್ಟುಗೂಡಿಸುವುದರಿಂದ ಭೂಮಿಯೇ ಇಲ್ಲದ ಕೂಲಿಗಳಿಗೆ ಏನೂ ಸಿಗದು ಎಂದು ಅವರು 1947ರಲ್ಲೇ ಎಚ್ಚರಿಸಿದ್ದರು. ಇಪ್ಪತ್ತೇಳು ವರ್ಷಗಳ ನಂತರ ದೇವರಾಜ ಅರಸರು ತಂದ 1974ರ ಭೂಸುಧಾರಣೆ ಭಾರತದಲ್ಲೇ ಮೆಚ್ಚುಗೆ ಪಡೆಯಿತು. ಗೇಣಿದಾರರು ಒಡೆಯರಾದರು. ಗೇಣಿಯೂ ಇಲ್ಲದೆ ದಿನಗೂಲಿಯಲ್ಲಿ ಬದುಕುತ್ತಿದ್ದವರು, ಅವರಲ್ಲಿ ಬಹಳ ಮಂದಿ ದಲಿತರು, ಅರ್ಜಿ ಹಾಕಲು ಹೊಲವೇ ಇಲ್ಲದೆ ಹೊರಗುಳಿದರು. ಸರ್ಕಾರ ದಲಿತರಿಗೆ ಮಂಜೂರು ಮಾಡಿದ ತುಂಡು ಜಮೀನೂ ಕೈಬಿಟ್ಟು ಹೋಗುತ್ತಿದ್ದುದರಿಂದ ಅದರ ಪರಭಾರೆಯನ್ನು ತಡೆಯಲು 1978ರಲ್ಲಿ ಇನ್ನೊಂದು ಕಾಯ್ದೆ ಬೇಕಾಯಿತು. 2020ರಲ್ಲಿ ಭೂಸುಧಾರಣಾ ಕಾಯ್ದೆಯ 79ಎ, 79ಬಿ ಕಲಮುಗಳನ್ನು ತೆಗೆದು ಯಾರು ಬೇಕಾದರೂ ಕೃಷಿ ಜಮೀನು ಕೊಳ್ಳಬಹುದೆಂದು ಮಾಡಲಾಯಿತು. 1947ರ ಆ ಪುಸ್ತಕದಿಂದ ಕರ್ನಾಟಕ ಅತಿ ದೂರ ಸರಿದ ಗಳಿಗೆ ಅದು. ಬೀದರ ಸೀಮೆಯ ತಾಂಡಾಗಳಿಂದ, ಕೇರಿಗಳಿಂದ ಹೈದರಾಬಾದ್, ಪುಣೆ, ಮುಂಬೈಗೆ ಇಂದಿಗೂ ಗುಳೆ ಹೋಗುವವರು ತೊಗರಿ, ಸೋಯಾ ಬೆಳೆಯುವ ಹೊಲಗಳ ಪಕ್ಕದಲ್ಲೇ ಹುಟ್ಟಿ ಬೆಳೆದವರು.

ಅವರ ಯೋಜನೆಯ ತುಣುಕುಗಳು ಅಲ್ಲಲ್ಲಿ ಬೇರು ಬಿಟ್ಟಿವೆ. 1956ರಲ್ಲಿ ಜೀವ ವಿಮೆ ರಾಷ್ಟ್ರೀಕರಣವಾಯಿತು. ಪರಿಶಿಷ್ಟರ ಜನಸಂಖ್ಯೆಗೆ ತಕ್ಕಷ್ಟು ಹಣವನ್ನು ಬಜೆಟ್ಟಿನಲ್ಲಿ ಅವರಿಗೇ ಮೀಸಲಿಡುವ ಕಾಯ್ದೆಯನ್ನು ಕರ್ನಾಟಕ 2013ರಲ್ಲಿ ಮಾಡಿತು. ವಸತಿ ಆಯೋಗಕ್ಕೆ 5 ಕೋಟಿ ಕೇಳಿದ ಅಂದಿನ ಕಲಮಿಗೆ ಇದು ದೂರದ ನೆಂಟು. ಪ್ರಾದೇಶಿಕ ಅನ್ಯಾಯವನ್ನು ತಾಲ್ಲೂಕುವಾರು ಅಳೆದ ಡಾ. ಡಿ.ಎಂ. ನಂಜುಂಡಪ್ಪ ಸಮಿತಿ 2002ರಲ್ಲಿ ರಾಜ್ಯದ ಅಂದಿನ 175 ತಾಲ್ಲೂಕುಗಳಲ್ಲಿ 114 ಹಿಂದುಳಿದಿವೆ, ಅವುಗಳಲ್ಲಿ 39 ಅತ್ಯಂತ ಹಿಂದುಳಿದಿವೆ ಎಂದಿತು. ಯಾರಿಗೆ ಏನು ಸಿಗಲಿಲ್ಲ ಎಂದು ಎಣಿಸುವ ಆ ಪದ್ಧತಿಯೂ ಅಂಬೇಡ್ಕರರ ಚಿಂತನೆಗೆ ಹತ್ತಿರದ್ದು.

ಈಗ 2 ಕೋಟಿಯ ಲೆಕ್ಕಕ್ಕೆ ಹಿಂತಿರುಗಬೇಕು. 1955ರ ವರದಿಯಂತೆ ಕರ್ನಾಟಕದ ಜನಸಂಖ್ಯೆ 1 ಕೋಟಿ 90 ಲಕ್ಷ, ಅಂಬೇಡ್ಕರರ ಅಳತೆಗೆ ಸರಿಯಾಗಿ ಹೊಂದುತ್ತಿತ್ತು. 2011ರ ಜನಗಣತಿಯಲ್ಲಿ ಅದು 6 ಕೋಟಿ 11 ಲಕ್ಷ. ಮೂರು ಮಾಡಬೇಕೆಂದು ಅವರು ಹೇಳಿದ ಉತ್ತರ ಪ್ರದೇಶ ಅಂದು ಇದ್ದದ್ದೂ ಹೆಚ್ಚುಕಡಿಮೆ ಇಷ್ಟೇ. ಈ ಅಂಕಿಯನ್ನು ಹಿಡಿದು ಪ್ರತ್ಯೇಕ ರಾಜ್ಯದ ಕೂಗು ಹಾಕುವುದು ಸುಲಭ, ಹಾಕಿದವರೂ ಇದ್ದಾರೆ. ಆದರೆ 1956ರಲ್ಲಿ ಜಿಲ್ಲೆಯೇ ಮೂರಾದದ್ದನ್ನು ಕಂಡ ಸೀಮೆಗೆ ಇನ್ನೊಂದು ಗೆರೆಗಿಂತ ಹತ್ತಿರದ ಕಚೇರಿ, ಹತ್ತಿರದ ಆಸ್ಪತ್ರೆ ಮುಖ್ಯ. ರಾಜ್ಯವನ್ನು ಒಡೆಯದೆಯೂ ಅಧಿಕಾರವನ್ನು ಕೆಳಗಿಳಿಸಬಹುದು.

ಹುಲಸೂರಿನಲ್ಲಿ ಅದರ ಪರೀಕ್ಷೆ ಈಗಾಗಲೇ ನಡೆದಿದೆ. 2017ರ ಬಜೆಟ್ಟಿನಲ್ಲಿ ಘೋಷಿಸಿದ 49 ಹೊಸ ತಾಲ್ಲೂಕುಗಳಲ್ಲಿ ಬೀದರ ಜಿಲ್ಲೆಗೆ ಮೂರು ಬಂದವು: ಚಿಟಗುಪ್ಪ, ಕಮಲನಗರ ಮತ್ತು ಹುಲಸೂರ. ಬಸವಕಲ್ಯಾಣ ತಾಲ್ಲೂಕಿನಿಂದ ಬೇರೆಯಾದ ಹುಲಸೂರ 2018ರಲ್ಲಿ ತಾಲ್ಲೂಕು ಕೇಂದ್ರವಾಯಿತು. ಆದರೆ ಎಲ್ಲ ಇಲಾಖೆಗಳೂ ಬಾರದೆ, ಸ್ವಂತ ಕಟ್ಟಡಗಳಿಲ್ಲದೆ, ಸಣ್ಣ ಕೆಲಸಕ್ಕೂ ಹಳೆಯ ತಾಲ್ಲೂಕು ಕೇಂದ್ರಕ್ಕೇ ಅಲೆಯಬೇಕೆಂಬ ದೂರು ಇಲ್ಲಿಂದ ಮತ್ತೆ ಮತ್ತೆ ಕೇಳಿಬಂದಿದೆ. ಹೊಸ ತಾಲ್ಲೂಕುಗಳ ಬಹುಪಾಲು ಊರುಗಳ ಕಥೆ ಇದೇ.

ಅಂಬೇಡ್ಕರರ ಈ ಎರಡೂ ಪುಸ್ತಕಗಳು ಕುವೆಂಪು ಭಾಷಾ ಭಾರತಿ ಪ್ರಾಧಿಕಾರ ಪ್ರಕಟಿಸಿದ ಅವರ ಸಮಗ್ರ ಬರಹಗಳ ಮಾಲೆಯ ಮೂಲಕ ಕನ್ನಡದಲ್ಲೇ ಓದಲು ಸಿಗುತ್ತವೆ. ಬೀದರ ಜಿಲ್ಲೆಯ ಶಾಸಕರು, ಪಂಚಾಯಿತಿ ಸದಸ್ಯರು, ಕಾಲೇಜಿನ ಹುಡುಗ ಹುಡುಗಿಯರು ಅವನ್ನು ತರಿಸಿಕೊಂಡು ಓದಬೇಕು. ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿಯ ಹಣ ಹಂಚುವ ಮೊದಲು ಸರ್ಕಾರ ಪ್ರತಿ ಹೊಸ ತಾಲ್ಲೂಕಿನಲ್ಲೂ ಭೂಮಿಯಿಲ್ಲದ ಕುಟುಂಬಗಳೆಷ್ಟು, ಗುಳೆ ಹೋಗುವವರೆಷ್ಟು, ಖಾಲಿ ಹುದ್ದೆಗಳೆಷ್ಟು ಎಂದು ಎಣಿಸಿ ಗ್ರಾಮಸಭೆಯ ಮುಂದಿಡಬೇಕು. ಆ ಎಣಿಕೆಯನ್ನು ಹುಲಸೂರಿನಿಂದಲೇ ಶುರು ಮಾಡಲಿ.